ವಿಚಾರಣೆಗೂ ಮುನ್ನ: ವರದಕ್ಷಿಣೆ ಪ್ರಕರಣದಲ್ಲಿ ಡಿಸ್ಚಾರ್ಜ್ ಅರ್ಜಿ

ಹೆಂಡತಿಯ ಮೇಲೆ ಗಂಡ, ಅವನ ಬಂಧುಗಳು ಎಸಗುವ ಕ್ರೌರ್ಯದ 498ಎ ಕಲಂ 1983ರಲ್ಲಿ ದಂಡ ಸಂಹಿತೆಗೆ ಸೇರಿದ್ದು, ಅದೀಗ ಭಾರತೀಯ ನ್ಯಾಯ ಸಂಹಿತೆಯ 85 ಮತ್ತು 86ನೇ ಕಲಂಗಳಲ್ಲಿ ಇರುವುದು, ಶಿಕ್ಷೆ ಮೂರು ವರ್ಷದವರೆಗೆ ಎನ್ನುವುದು ಯಾವ ಕೈಪಿಡಿಯಲ್ಲಾದರೂ ಸಿಗುತ್ತದೆ. ಆರೋಪ ಹೊರಿಸುವ ಇಲ್ಲವೇ ಆರೋಪಿಯನ್ನು ಬಿಡುವ (ಡಿಸ್ಚಾರ್ಜ್) ಹಂತದಲ್ಲಿ ನ್ಯಾಯಾಧೀಶರು ಸಾಕ್ಷ್ಯವನ್ನು ಎಷ್ಟು ಜಾಲಾಡಬಹುದೆಂಬುದೂ ಹಳೆಯ ಸಂಗತಿ. ಕರ್ನಾಟಕದಿಂದಲೇ ಹೋದ ಮುನಿಸ್ವಾಮಿ ಪ್ರಕರಣ (1977), ಪ್ರಫುಲ್ಲ ಕುಮಾರ್ ಸಾಮಲ್ ಪ್ರಕರಣ (1979) ಇವೆರಡನ್ನು ಓದಿದರೆ ಸಾಕು.

ತಕರಾರು ಇರುವುದು ಬೇರೆ ಕಡೆ.

ಮದುವೆಯಾಗಿ ದೂರದ ಊರಿಗೋ ಪರದೇಶಕ್ಕೋ ಹೋದ ನಾದಿನಿಯ ಹೆಸರೂ ಚಾರ್ಜ್‌ಶೀಟಿನಲ್ಲಿ ಬರುತ್ತದೆ. ‘ಎಲ್ಲರೂ ಸೇರಿ ಕಿರುಕುಳ ಕೊಟ್ಟರು’ ಎಂಬ ಒಂದೇ ಸಾಲು. ಆ ದಿನಗಳಲ್ಲಿ ಆಕೆ ದೇಶದಲ್ಲೇ ಇರಲಿಲ್ಲವೆಂದು ಪಾಸ್‌ಪೋರ್ಟ್ ಹೇಳುತ್ತದೆ. ಮ್ಯಾಜಿಸ್ಟ್ರೇಟರು ಅದನ್ನು ನೋಡಬಹುದೇ? ಸತೀಶ್ ಮೆಹ್ರಾ ಪ್ರಕರಣದಲ್ಲಿ (1996) ಸುಪ್ರೀಂ ಕೋರ್ಟ್ ನೋಡಬಹುದೆಂದಿತ್ತು; ಅದೂ ಗಂಡ ಹೆಂಡಿರ ಜಗಳದಿಂದ ಹುಟ್ಟಿದ್ದೇ. ದೇವೇಂದ್ರನಾಥ್ ಪಾಢಿ ಪ್ರಕರಣದಲ್ಲಿ (2004) ಮೂವರು ನ್ಯಾಯಮೂರ್ತಿಗಳ ಪೀಠ ಆ ನಿಲುವನ್ನು ತಳ್ಳಿಹಾಕಿತು. ಆರೋಪಿ ತನ್ನ ಕಾಗದಪತ್ರ ಹಾಜರುಪಡಿಸಲು ಅದು ಸಮಯವಲ್ಲ ಎಂದಿತು.

ಪರಿಣಾಮ ಎಲ್ಲರೂ ಕಂಡದ್ದೇ. ಕಹ್ಕಶಾನ್ ಕೌಸರ್ (2022), ದಾರಾ ಲಕ್ಷ್ಮೀನಾರಾಯಣ (2024) ಪ್ರಕರಣಗಳಲ್ಲಿ ಸುಪ್ರೀಂ ಕೋರ್ಟ್ ಗಂಡನ ಕಡೆಯವರ ಮೇಲಿನ ಗೊತ್ತುಗುರಿಯಿಲ್ಲದ ಆರೋಪಗಳನ್ನು ರದ್ದುಮಾಡಿತು. ಆದರೆ ಆ ಹಾದಿ ಹೈಕೋರ್ಟಿನ ಮೂಲಕ ಸಾಗುತ್ತದೆ. ವಕೀಲರ ಶುಲ್ಕ ಭರಿಸಲಾಗದ ಅತ್ತೆ ಮಾವ ತಾಲ್ಲೂಕಿನ ಕೋರ್ಟಿನಲ್ಲೇ ವಾಯಿದೆ ಎಣಿಸುತ್ತಾರೆ.

ಈ ಉಪನ್ಯಾಸಕನ ವಾದ ಇಲ್ಲಿಂದ ಶುರು. 498ಎ ಸೆಷನ್ಸ್ ಪ್ರಕರಣವಲ್ಲ. ಮ್ಯಾಜಿಸ್ಟ್ರೇಟರ ಮುಂದೆ ಅನ್ವಯಿಸುತ್ತಿದ್ದ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 239ನೇ ಕಲಂ, ಅಗತ್ಯ ಕಂಡರೆ ಆರೋಪಿಯನ್ನೇ ಪ್ರಶ್ನಿಸುವ ಅಧಿಕಾರ ಕೊಡುತ್ತಿತ್ತು. ಸೆಷನ್ಸ್ ಕೋರ್ಟಿನ 227ರಲ್ಲಿ ಅದಿರಲಿಲ್ಲ. 2024ರ ಜುಲೈ 1ರಿಂದ ಜಾರಿಯಲ್ಲಿರುವ ನಾಗರಿಕ ಸುರಕ್ಷಾ ಸಂಹಿತೆಯ 262ನೇ ಕಲಂ ಅದನ್ನು ಉಳಿಸಿಕೊಂಡದ್ದಲ್ಲದೆ, ವಿಡಿಯೊ ಮೂಲಕವೂ ಪ್ರಶ್ನಿಸಬಹುದೆಂದು ಸೇರಿಸಿದೆ. ಇದು ಆರೋಪಿಯ ಹಕ್ಕಲ್ಲ, ಮ್ಯಾಜಿಸ್ಟ್ರೇಟರ ಕೈಲಿರುವ ಸಾಧನ. ಹಾಗಾಗಿ ಪಾಢಿ ತೀರ್ಪಿಗೂ ಇದಕ್ಕೂ ಜಗಳವಿಲ್ಲ. ನಾದಿನಿ ಎಲ್ಲಿದ್ದಳೆಂದು ಕೇಳಿ, ತನಿಖಾಧಿಕಾರಿ ಅದನ್ನು ಪರಿಶೀಲಿಸಿದ್ದಾರೆಯೇ ಎಂದು ವಿಚಾರಿಸಲು ಏನಡ್ಡಿ? ತನಿಖಾಧಿಕಾರಿ ಗಟ್ಟಿ ದಾಖಲೆಯನ್ನು ಮುಚ್ಚಿಟ್ಟಿದ್ದರೆ ಈ ಹಂತದಲ್ಲೂ ತರಿಸಬಹುದೆಂದು ನಿತ್ಯ ಧರ್ಮಾನಂದ ಪ್ರಕರಣದಲ್ಲಿ (2017) ಸುಪ್ರೀಂ ಕೋರ್ಟೇ ಹೇಳಿದೆ.

ಇದು ವಿಚಾರಣೆಗೂ ಮುಂಚಿನ ಇನ್ನೊಂದು ವಿಚಾರಣೆಯಾಗುತ್ತದೆ, ಪಾಟಿ ಸವಾಲಿಲ್ಲದೆ ಹೆಣ್ಣಿನ ದೂರು ಮಣ್ಣುಪಾಲಾಗುತ್ತದೆ ಎನ್ನುವ ಪಂಡಿತರಿದ್ದಾರೆ. ಅವರ ಭಯದ ಮೊದಲರ್ಧ ಹುರುಳಿಲ್ಲದ್ದು: ನಾಲ್ಕು ಪ್ರಶ್ನೆಗೆ ಯಾವ ವಿಚಾರಣೆಯೂ ಆಗುವುದಿಲ್ಲ. ಎರಡನೆಯ ಅರ್ಧಕ್ಕೆ ತಲೆಬಾಗಬೇಕು. ದೂರವಿದ್ದ ಮಾತ್ರಕ್ಕೆ ನಾದಿನಿ ನಿರಪರಾಧಿಯಲ್ಲ. ಕಾಟ ಫೋನಿನಲ್ಲೂ ಕೊಡಬಹುದು, ಕ್ರೌರ್ಯದಲ್ಲಿ ಮಾನಸಿಕ ಹಿಂಸೆಯೂ ಸೇರಿದೆ. ದೂರಿನಲ್ಲಿ ದಿನಾಂಕ, ಕರೆ, ಕೇಳಿದ ಹಣ ಇಂಥದ್ದೆಂದು ಇದ್ದರೆ ಪಾಸ್‌ಪೋರ್ಟು ನಿಷ್ಪ್ರಯೋಜಕ, ಆರೋಪ ಹೊರಿಸಲೇಬೇಕು. ಗಂಡನ ಮನೆಯವರೆಲ್ಲ ಅಮಾಯಕರೆಂದು ಹೊರಡುವ ವಕೀಲರೊಂದಿಗೂ ಉಪನ್ಯಾಸಕನಿಗೆ ಅಷ್ಟೇ ಭಿನ್ನಾಭಿಪ್ರಾಯ.

ಡಿಸ್ಚಾರ್ಜ್ ಎಂದರೆ ಖುಲಾಸೆಯಲ್ಲ. ಹೊಸ ಸಾಕ್ಷ್ಯ ಸಿಕ್ಕರೆ ಆರೋಪ ಮರಳಿ ಬರಬಹುದು. ಆದೇಶದ ವಿರುದ್ಧ ದೂರುದಾರಳು ರಿವಿಷನ್ ಹಾಕಬಹುದು. ಇನ್ನು ಅವಧಿ: ಚಾರ್ಜ್‌ಶೀಟಿನ ಪ್ರತಿ ಕೈಸೇರಿದ 60 ದಿನದೊಳಗೆ ಅರ್ಜಿ ಹಾಕಬಹುದೆಂದು 262 ಹೇಳುತ್ತದೆ. ಗಡುವು ಮೀರಿದರೆ ಎಲ್ಲ ಮುಗಿಯಿತೆಂದು ಕೆಲವರು ವಾದಿಸುತ್ತಾರೆ. ಉಪನ್ಯಾಸಕ ಒಪ್ಪುವುದಿಲ್ಲ. ಆರೋಪ ಆಧಾರರಹಿತವೆಂದು ಕಂಡರೆ ಬಿಡುಗಡೆ ಮಾಡಿ ಕಾರಣ ದಾಖಲಿಸುವುದು ಮ್ಯಾಜಿಸ್ಟ್ರೇಟರ ಕರ್ತವ್ಯವೆಂದು ಅದೇ ಕಲಂನ ಎರಡನೇ ಉಪಕಲಂ ಹೇಳುತ್ತದೆ. ಆ ಕರ್ತವ್ಯಕ್ಕೆ ಅರ್ಜಿಯ ಷರತ್ತಿಲ್ಲ.