ಮಲಗಿದ ಕೂಸಿನ ಉಸಿರು

ನಡುರಾತ್ರಿ. ತೊಟ್ಟಿಲ ಕೂಸು ಗಾಢನಿದ್ರೆಯಲ್ಲಿದೆ. ತಾಯಿ ಕಿವಿಗೊಟ್ಟು ಕೇಳುತ್ತಾಳೆ: ಉಸಿರೇ ಇಲ್ಲ! ಅವಳ ಎದೆ ಧಸಕ್ಕೆನ್ನುವಷ್ಟರಲ್ಲಿ ಕೂಸು ಪುಸುಪುಸು ಉಸಿರಾಡತೊಡಗುತ್ತದೆ. ನಿಮ್ಮಲ್ಲಿ ಎಷ್ಟೋ ಮಂದಿಗೆ ಈ ಗಾಬರಿಯ ಅನುಭವ ಉಂಟು.

ಮೊದಲ ಕೆಲವು ತಿಂಗಳು ಇದು ಸಹಜವೇ. ಉಸಿರಾಟವನ್ನು ನಡೆಸುವ ಮಿದುಳಿನ ಭಾಗ ಆಗಿನ್ನೂ ಬಲಿತಿರುವುದಿಲ್ಲ. 5ರಿಂದ 10 ಸೆಕೆಂಡು ಉಸಿರು ನಿಂತು, ಬಳಿಕ ಬೇಗಬೇಗನೆ ಸಾಗುವುದುಂಟು. ರಕ್ತದಲ್ಲಿನ ಆಮ್ಲಜನಕ ಆಗ ಕ್ಷಣಕಾಲ ಇಳಿದು, ತಾನೇ ಏರುತ್ತದೆ. ಉಳಿದಂತೆ ಆರೋಗ್ಯವಂತ ಶಿಶುವಿನಲ್ಲಿ ಅದು ಸಾಮಾನ್ಯವಾಗಿ ಶೇಕಡಾ 95ರ ಮೇಲೆಯೇ ಇರುತ್ತದೆ. ತಿಂಗಳು ತುಂಬದೆ ಹುಟ್ಟಿದ ಮಕ್ಕಳ ವಿಚಾರ ಬೇರೆ; ಅದು ವೈದ್ಯರಿಗೆ ಸೇರಿದ್ದು.

ಈ ಆಮ್ಲಜನಕವನ್ನು ಅಳೆಯಲು ಪಾದಕ್ಕೆ ಕಾಲುಚೀಲದಂತೆ ತೊಡಿಸುವ ಯಂತ್ರಗಳು ಈಗ ಬಂದಿವೆ. ಮಗು ಝಾಡಿಸಿ ಒದ್ದರೂ ಅಂಕಿ ತಪ್ಪೀತು, ಮನೆಮಂದಿಯ ನಿದ್ದೆ ಕೆಟ್ಟೀತು. (ಮಾರಿದವನ ನಿದ್ದೆಯಂತೂ ಕೆಡದು.) ವೈದ್ಯರು ಹೇಳಿದ ಹೊರತು ಅದು ಬೇಡ. ಮಗುವನ್ನೇ ನೋಡಿರಿ. ಹುಟ್ಟಿದ ಹೊಸತರಲ್ಲಿ ಅಂಗೈ ಅಂಗಾಲು ನಸುನೀಲಿಯಾದರೆ ಅಂಜಬೇಕಿಲ್ಲ. ತುಟಿ, ನಾಲಗೆ ನೀಲಿಗಟ್ಟಿದರೆ, ಉಸಿರು 20 ಸೆಕೆಂಡು ನಿಂತರೆ, ಉಸಿರೆಳೆದಾಗ ಎದೆಯ ಕೆಳಭಾಗ ಒಳಕ್ಕೆ ಸೇದಿದರೆ, ಎರಡು ತಿಂಗಳೊಳಗಿನ ಕೂಸು ಸುಮ್ಮನಿರುವಾಗಲೂ ನಿಮಿಷಕ್ಕೆ 60 ಅಥವಾ ಹೆಚ್ಚು ಸಲ ಉಸಿರಾಡುತ್ತಿದ್ದರೆ, ಬೆಳಗಾಗಲೆಂದು ಕಾಯದೆ ಆಸ್ಪತ್ರೆಗೆ ಒಯ್ಯಿರಿ.

ಇನ್ನೊಂದು ಮಾತು, ಅಜ್ಜಿಯರು ಮುನಿಯಬಾರದು. ಕೂಸನ್ನು ಬೋರಲು ಮಲಗಿಸಬೇಡಿ, ಅಂಗಾತ ಮಲಗಿಸಿ. ಅಮೆರಿಕದಲ್ಲಿ 1994ರಿಂದ ಈ ಮಾತನ್ನು ಮನೆಮನೆಗೆ ಮುಟ್ಟಿಸಿದ ಮೇಲೆ, ನಿದ್ದೆಯಲ್ಲೇ ಹಠಾತ್ತನೆ ಸಾಯುವ ಶಿಶುಗಳ ಪ್ರಮಾಣ ಸುಮಾರು ಅರ್ಧಕ್ಕೆ ಇಳಿಯಿತು. ತಲೆದಿಂಬು ಬೇಡ, ಹೊದಿಕೆ ಮುಖದ ಮೇಲೆ ಬರಬಾರದು. ಸಾಂಬ್ರಾಣಿ ಹೊಗೆಯೂ ಆ ಕೋಣೆಯಲ್ಲಿ ಬೇಡ.