ತೂಕ, ಕೂಲಿ ಮತ್ತು ಝಕಾತ್

(ವಿದ್ಯಾರ್ಥಿವೇತನ ವಿತರಣಾ ಸಭೆಯಲ್ಲಿ ಮಾಡಿದ ಭಾಷಣ)





ವ್ಯಾಪಾರದಲ್ಲಿ ಧರ್ಮ ಮತ್ತು ನೀತಿ ಎಂಬ ವಿಷಯದ ಮೇಲೆ ನಾಲ್ಕು ಮಾತು ಆಡಬೇಕೆಂದು ಪದಾಧಿಕಾರಿಗಳು ಹೇಳಿದ್ದಾರೆ. ಈ ಸಲ ಆಯ್ಕೆಯಾದವರಲ್ಲಿ ಬಿ.ಕಾಂ., ಬಿ.ಬಿ.ಎ. ಓದುವ ಮಕ್ಕಳು ಹೆಚ್ಚು ಇದ್ದಾರಂತೆ. ನಾವು ಬಿ.ಎಡ್. ಮಾಡಿ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಹೇಳಿಕೊಟ್ಟವರು, ಅಂಗಡಿ ಇಟ್ಟವರಲ್ಲ. ಆದರೆ ಅಂಗಡಿಯವರ, ರೀಲರುಗಳ, ಕೂಲಿಯವರ ಮಕ್ಕಳಿಗೇ ಮೂವತ್ತು ವರ್ಷಕ್ಕೂ ಮೇಲೆ ಪಾಠ ಹೇಳಿದ್ದೇವೆ. ಯಾವ ಮನೆಯಲ್ಲಿ ಯಾವ ತಿಂಗಳು ಕೈ ಬಿಗಿಯಾಗಿದೆ ಎಂಬುದು ಹಾಜರಿ ಪುಸ್ತಕ ನೋಡಿದರೇ ತಿಳಿಯುತ್ತಿತ್ತು.

ವ್ಯಾಪಾರಕ್ಕೂ ಆಧ್ಯಾತ್ಮಕ್ಕೂ ಏನು ಸಂಬಂಧ ಎಂದು ಕೇಳುವವರು ಇದ್ದಾರೆ. ಈ ಪ್ರಶ್ನೆ ಹೊಸದೇನೂ ಅಲ್ಲ. ಮದ್‌ಯನ್ ಜನರ ಬಳಿಗೆ ಪ್ರವಾದಿ ಶುಐಬ್ ಅಲೈಹಿಸ್ಸಲಾಮ್ ಬಂದದ್ದು ಕುರ್‌ಆನಿನಲ್ಲಿದೆ. ಅಲ್ಲಾಹನೊಬ್ಬನನ್ನೇ ಆರಾಧಿಸಿ ಎಂದವರು ಅದರ ಬೆನ್ನಿಗೇ ಅಳತೆ, ತೂಕ ಕಡಿಮೆ ಮಾಡಬೇಡಿ ಎಂದರು. ಆಗ ಜನ ಕೇಳಿದ್ದು ಇಷ್ಟೇ: ನಮ್ಮ ಸ್ವತ್ತನ್ನು ನಮಗೆ ಬೇಕಾದಂತೆ ಮಾಡಿಕೊಳ್ಳಬಾರದು ಎಂದು ನಿಮ್ಮ ನಮಾಜ್ ಹೇಳಿಕೊಡುತ್ತದೆಯೇ? ಅವರಿಗೆ ಶುಐಬರ ನಮಾಜಿನ ಮೇಲೆ ಅಂಥ ತಕರಾರು ಇರಲಿಲ್ಲ ಅನ್ನಿಸುತ್ತದೆ. ನಮಾಜು ತಕ್ಕಡಿಯವರೆಗೆ ಬಂದದ್ದೇ ಅವರಿಗೆ ಹಿಡಿಸಲಿಲ್ಲ. ಇಂದಿಗೂ ಮಸೀದಿಯ ಮೆಟ್ಟಿಲು ಇಳಿಯುವವರೆಗೆ ಎಲ್ಲರೂ ಒಳ್ಳೆಯವರೇ.

ನಮ್ಮ ರಾಮನಗರ, ಶಿಡ್ಲಘಟ್ಟದ ಕಡೆಯ ರೇಷ್ಮೆಯನ್ನೇ ತೆಗೆದುಕೊಳ್ಳೋಣ. ಇಲ್ಲಿ ಕುಳಿತವರಲ್ಲಿ ಗೂಡಿನ ಲೆಕ್ಕ ಗೊತ್ತಿಲ್ಲದವರು ಕಡಿಮೆ. ಮಿಶ್ರತಳಿ ಗೂಡಾದರೆ 1 ಕೆ.ಜಿ. ನೂಲಿಗೆ 7-8 ಕೆ.ಜಿ. ಗೂಡು ಬೇಕು. ಬೈವೋಲ್ಟೀನ್ ಒಳ್ಳೆಯದಾದರೆ ಅದಕ್ಕಿಂತ ಕಡಿಮೆ ಸಾಕು. ರೀಲರ್ ಗೂಡಿನ ರಾಶಿಯನ್ನು ನೋಡಿ, ಕೈಯಲ್ಲಿ ಒಂದೆರಡು ಹಿಡಿದು ಒತ್ತಿ, ಎಷ್ಟು ನೂಲು ಬಂದೀತು ಎಂದು ಮನಸ್ಸಿನಲ್ಲೇ ಅಂದಾಜು ಹಾಕಿ ಹರಾಜು ಕೂಗಬೇಕು. ರಾಶಿಯ ಮೇಲೆ ಬಿಳಿ ಗಟ್ಟಿ ಗೂಡು, ಕೆಳಗೆ ಕಲೆ ಬಿದ್ದವು, ಹಗುರವಾದವು ಇದ್ದರೆ ಆ ಅಂದಾಜು ಕೆಟ್ಟಿತು. ರೈತನಿಗೂ ಹೀಗೆಯೇ ಮೋಸವಾಗುತ್ತಿತ್ತು, ದಲ್ಲಾಳಿಗಳ ಕೈಯಲ್ಲಿ. ಅದಕ್ಕೇ 1959ರ ಕಾಯ್ದೆ ಬಂದು, ಗೂಡು ಸರ್ಕಾರಿ ಮಾರುಕಟ್ಟೆಯಲ್ಲೇ, ಬಹಿರಂಗ ಹರಾಜಿನಲ್ಲೇ ಮಾರಬೇಕೆಂದಾಯಿತು. ಈಗ ಹರಾಜು ಮೊಬೈಲಿಗೆ ಬಂದಿದೆ, ಹಣ ನೇರ ಖಾತೆಗೆ ಹೋಗುತ್ತಿದೆ. ಒಳ್ಳೆಯದೇ.

ಆದರೆ ನೂಲಿನ ತೂಕದ ವಿಷಯ ಇನ್ನೂ ಸೂಕ್ಷ್ಮ. ರೇಷ್ಮೆ ತನ್ನ ತೂಕದ ಸುಮಾರು ಮೂರನೇ ಒಂದರಷ್ಟು ತೇವ ಹೀರಿಕೊಂಡರೂ ಮುಟ್ಟಿದ ಕೈಗೆ ಒದ್ದೆ ಎನಿಸುವುದಿಲ್ಲ. ಯೋಚನೆ ಮಾಡಿ, ಇಂಥ ಪದಾರ್ಥವನ್ನು ತಕ್ಕಡಿಗೆ ಹಾಕುವವನ ಕೈಯಲ್ಲಿ ಎಷ್ಟು ದೊಡ್ಡ ಆಸೆಯನ್ನು ಇಟ್ಟಂತಾಯಿತು! ನೀರನ್ನು ರೇಷ್ಮೆಯ ಬೆಲೆಗೆ ಮಾರಬಹುದು. ಫ್ರಾನ್ಸ್ ದೇಶದ ಲಿಯೋನ್ ಎಂಬ ರೇಷ್ಮೆ ಪಟ್ಟಣದಲ್ಲಿ ಈ ಜಗಳ ಎಷ್ಟಿತ್ತೆಂದರೆ, 1805ರಲ್ಲಿ ಸರ್ಕಾರವೇ ಅಲ್ಲಿ ನೂಲನ್ನು ಒಣಗಿಸಿ ತೂಕ ನಿಗದಿ ಮಾಡುವ ಸಾರ್ವಜನಿಕ ಮನೆಯೊಂದನ್ನು ತೆರೆಯಬೇಕಾಯಿತು. ಇಂದೂ ಪೂರ್ತಿ ಒಣಗಿಸಿದ ತೂಕಕ್ಕೆ ನೂರಕ್ಕೆ 11ರಷ್ಟು ತೇವ ಸೇರಿಸಿ ಅದನ್ನೇ ನ್ಯಾಯದ ತೂಕವೆಂದು ಹಿಡಿಯುವ ಕ್ರಮವಿದೆ. ಪ್ರಯೋಗಾಲಯ ಇರುವಲ್ಲಿ ಇದು ನಡೆಯುತ್ತದೆ. ಇಲ್ಲದಲ್ಲಿ ಮಾರುವವನ ಈಮಾನೇ ಪ್ರಯೋಗಾಲಯ.

ಮದೀನಾದ ಪೇಟೆಯಲ್ಲಿ ನಡೆದ ಪ್ರಸಂಗ ನೀವೆಲ್ಲ ಕೇಳಿದ್ದೀರಿ. ಪ್ರವಾದಿ ಸಲ್ಲಲ್ಲಾಹು ಅಲೈಹಿ ವಸಲ್ಲಮ್ ಧಾನ್ಯದ ರಾಶಿಯೊಂದರ ಒಳಗೆ ಕೈ ಹಾಕಿದರು, ಬೆರಳಿಗೆ ತೇವ ತಗುಲಿತು. ಇದೇನು ಎಂದು ಕೇಳಿದಾಗ ವ್ಯಾಪಾರಿ ಮಳೆ ಬಿದ್ದಿತ್ತು ಎಂದ. ಹಾಗಿದ್ದರೆ ಜನ ನೋಡುವಂತೆ ನೆನೆದದ್ದನ್ನು ಮೇಲೆ ಏಕೆ ಇಡಲಿಲ್ಲ ಎಂದು ಕೇಳಿ, ಮೋಸ ಮಾಡುವವನು ನಮ್ಮವನಲ್ಲ ಎಂಬ ಅರ್ಥದ ಮಾತು ಹೇಳಿದರು. ಇಲ್ಲಿ ನಾವು ಮಕ್ಕಳ ಗಮನಕ್ಕೆ ತರುವುದು ಒಂದಿದೆ. ನೆನೆದ ಧಾನ್ಯ ಮಾರಲೇಬೇಡ ಎಂದು ಅವರು ಹೇಳಲಿಲ್ಲ. ಮಳೆ ಯಾರ ತಪ್ಪೂ ಅಲ್ಲ. ಬಡ ವ್ಯಾಪಾರಿ ನೆನೆದ ಮಾಲನ್ನೂ ಮಾರಿಯೇ ಬದುಕಬೇಕು. ನೆನೆದದ್ದನ್ನು ನೆನೆದದ್ದು ಎಂದು ತೋರಿಸಿ, ಅದರ ಬೆಲೆಗೆ ಮಾರಬೇಕು, ಅಷ್ಟೇ. ನಿಮ್ಮ ಮ್ಯಾನೇಜ್‌ಮೆಂಟ್ ಪುಸ್ತಕದಲ್ಲಿ ಪಾರದರ್ಶಕತೆ ಎಂಬ ಅಧ್ಯಾಯ ಬಂದಾಗ ಈ ರಾಶಿಯನ್ನು ನೆನಪಿಸಿಕೊಳ್ಳಿ, ಪರೀಕ್ಷೆಗೂ ಉಪಯೋಗಕ್ಕೆ ಬಂದೀತು.

ಇಮಾಮ್ ಅಬೂ ಹನೀಫಾ ರಹ್ಮತುಲ್ಲಾಹಿ ಅಲೈಹಿ ಕೂಫಾ ಪಟ್ಟಣದ ಬಟ್ಟೆ ವ್ಯಾಪಾರಿಯೂ ಆಗಿದ್ದರು. ಅವರ ಪಾಲುದಾರರೊಬ್ಬರು ದೋಷವಿದ್ದ ಬಟ್ಟೆಯನ್ನು ದೋಷ ಹೇಳಲು ಮರೆತು ಮಾರಿದಾಗ, ಕೊಂಡವರು ಯಾರೆಂದು ತಿಳಿಯದೆ, ಬಂದ ಹಣವನ್ನೆಲ್ಲ ದಾನ ಮಾಡಿಬಿಟ್ಟರೆಂದು ಅವರ ಚರಿತ್ರೆ ಬರೆದವರು ಹೇಳುತ್ತಾರೆ. ಇದನ್ನು ಕೆಲವರು ತಲೆಕೆಳಗು ಮಾಡಿಕೊಂಡಿದ್ದಾರೆ. ಮೊದಲು ದೋಷ ಮುಚ್ಚಿ ಮಾರುವುದು, ಆಮೇಲೆ ಸ್ವಲ್ಪ ದಾನ ಮಾಡುವುದು. ಕೊಂಡವನು ಯಾರೆಂದು ಗೊತ್ತಿದ್ದರೆ ಹಣ ಸಲ್ಲಬೇಕಾದದ್ದು ಅವನಿಗೆ, ಟ್ರಸ್ಟಿಗಲ್ಲ. ಟ್ರಸ್ಟಿನವರು ಈ ಮಾತಿಗೆ ಬೇಸರ ಮಾಡಿಕೊಳ್ಳಲಾರರು ಎಂದು ನಂಬಿದ್ದೇವೆ.

ಇನ್ನು ಕೂಲಿಯ ಮಾತು. ಇದು ಸ್ವಲ್ಪ ಕಷ್ಟದ ಮಾತು, ಏಕೆಂದರೆ ಈ ಸಭೆಯ ಮುಂದಿನ ಸಾಲಿನಲ್ಲಿ ಕುಳಿತ ಕೆಲವರೂ ಹಿಂದಿನ ಸಾಲಿನಲ್ಲಿ ಕುಳಿತ ಕೆಲವರೂ ಒಂದೇ ಕಸುಬಿನಿಂದ ಬಂದವರು. ಒಬ್ಬರು ಬೇಸಿನ್ ಹಾಕಿಸಿದವರು, ಇನ್ನೊಬ್ಬರು ಅದರ ಮುಂದೆ ಕುಳಿತು ಬಿಸಿನೀರಿನಲ್ಲಿ ಕೈ ಅದ್ದಿ ಎಳೆ ಹಿಡಿಯುವವರು. ಆ ಬೆರಳುಗಳು ಹೇಗಾಗುತ್ತವೆ ಎಂದು ನಾವು ನೋಡಿದ್ದೇವೆ. ಪೋಷಕರ ಸಭೆಗೆ ಬಂದ ತಾಯಂದಿರು ಸಹಿ ಹಾಕಲು ಪೆನ್ನು ಹಿಡಿಯುವಾಗ ಸೆರಗಿನಲ್ಲಿ ಬೆರಳು ಮುಚ್ಚಿಕೊಳ್ಳುತ್ತಿದ್ದರು. ಬೆವರು ಆರುವ ಮೊದಲು ಕೂಲಿ ಕೊಡಬೇಕೆಂದು ಪ್ರವಾದಿಯವರು ಹೇಳಿದ್ದನ್ನು ನಾವು ಗೋಡೆಯ ಮೇಲೆ ಚಂದವಾಗಿ ಬರೆಸಿ ಹಾಕಿಕೊಂಡಿದ್ದೇವೆ. ಬಿಸಿನೀರಿನ ಕೆಲಸದಲ್ಲಿ ಬೆವರು ಆರುವುದೇ ಇಲ್ಲ, ಆ ಲೆಕ್ಕಕ್ಕೆ ಇನ್ನೂ ಬೇಗ ಕೊಡಬೇಕಾದೀತು.

ಕೂಲಿಗಿಂತ ದೊಡ್ಡ ತೊಡಕು ಮುಂಗಡದ್ದು. ಮಗಳ ನಿಕಾಹ್‌ಗೆ, ಆಸ್ಪತ್ರೆಗೆ ಎಂದು ಕೂಲಿಯವರು ಮಾಲೀಕರಿಂದ ಮುಂಗಡ ತೆಗೆದುಕೊಳ್ಳುತ್ತಾರೆ. ಕೊಡುವವರೂ ಎಷ್ಟೋ ಸಲ ಕನಿಕರದಿಂದಲೇ ಕೊಡುತ್ತಾರೆ. ಆದರೆ ಲೆಕ್ಕ ಒಬ್ಬರ ಪುಸ್ತಕದಲ್ಲಿ ಮಾತ್ರ ಇರುತ್ತದೆ. ಎಷ್ಟು ತೀರಿತು, ಎಷ್ಟು ಉಳಿಯಿತು ಎಂದು ಪಡೆದವರಿಗೆ ಗೊತ್ತಿರುವುದಿಲ್ಲ. ಬಾಕಿ ಇದೆ ಎಂಬ ಒಂದೇ ಮಾತಿಗೆ ಬೇರೆ ಕಡೆ ಕೆಲಸಕ್ಕೆ ಹೋಗುವಂತಿಲ್ಲ, ಹಬ್ಬಕ್ಕೆ ರಜೆ ಕೇಳುವಂತಿಲ್ಲ. ಇಂಥದ್ದು ಜೀತವಾಗುತ್ತದೆ ಎಂದೇ 1976ರಲ್ಲಿ ದೇಶದಲ್ಲಿ ಜೀತ ನಿರ್ಮೂಲನ ಕಾಯ್ದೆ ಬಂತು.

ಕುರ್‌ಆನಿನ ಅತ್ಯಂತ ಉದ್ದದ ಆಯತ್ ಯಾವುದು ಎಂದು ಮದರಸದ ಮಕ್ಕಳನ್ನು ಕೇಳಿ. ಸೂರಃ ಬಕರದ 282ನೆಯದು ಎಂದು ಥಟ್ಟನೆ ಹೇಳುತ್ತಾರೆ. ಅದು ಸಾಲವನ್ನು ಬರೆದಿಡುವುದರ ಬಗ್ಗೆ. ಸಾಲ ಚಿಕ್ಕದಾಗಲಿ ದೊಡ್ಡದಾಗಲಿ ಬರೆಯಿರಿ, ಸಾಕ್ಷಿ ಇಡಿ, ಬರೆಯುವವನು ನ್ಯಾಯವಾಗಿ ಬರೆಯಲಿ ಎಂದಿದೆ. ಒಕ್ಕಣೆ ಹೇಳಬೇಕಾದವನು ಸಾಲ ಪಡೆದವನು ಎಂದೂ ಇದೆ. ಶಿಕ್ಷಕರಾಗಿ ನಮಗೆ ಇದು ಬಹಳ ಹಿಡಿಸಿದ ಸಂಗತಿ. ಪುಸ್ತಕ ಬಲವಿದ್ದವನ ಕೈಯಲ್ಲಿದ್ದರೂ ಮಾತು ಸಾಲಗಾರನ ಬಾಯಿಂದ ಬರಬೇಕು. ಅದಕ್ಕೆ ಎರಡೇ ಆಯತ್ ಹಿಂದೆ, ಕಷ್ಟದಲ್ಲಿರುವವನಿಗೆ ಅವಧಿ ಕೊಡಿ, ಬಿಟ್ಟುಕೊಟ್ಟರೆ ಇನ್ನೂ ಒಳ್ಳೆಯದು ಎಂದಿದೆ.

ಝಕಾತಿನ ಲೆಕ್ಕ ನಿಮಗೆ ಗೊತ್ತೇ ಇದೆ, ನಲವತ್ತರಲ್ಲಿ ಒಂದು. ಬೇಸಿನ್, ಯಂತ್ರಕ್ಕೆ ಝಕಾತ್ ಇಲ್ಲ, ಮಾರಲು ಇಟ್ಟ ಗೂಡಿಗೂ ನೂಲಿಗೂ ಇದೆ. ಆದರೆ ದುಡಿದವರ ಕೂಲಿಯನ್ನು ಝಕಾತ್ ಎಂದು ಕೊಡಲು ಬರುವುದಿಲ್ಲ. ಕೂಲಿ ಅವರ ಹಕ್ಕು, ಅದು ಮಾಲೀಕರ ಸ್ವತ್ತೇ ಅಲ್ಲ. ತಾಯಿಗೆ ಸಲ್ಲಬೇಕಾದದ್ದು ಅರ್ಧ ಮಾತ್ರ ಸಂದು, ಉಳಿದದ್ದರಲ್ಲಿ ಒಂದು ಚೂರು ಮಗಳಿಗೆ ವಿದ್ಯಾರ್ಥಿವೇತನವಾಗಿ ಬಂದರೆ, ಆ ಮಗಳು ವೇದಿಕೆಗೆ ಬಂದು ಯಾರಿಗೆ ಕೃತಜ್ಞತೆ ಹೇಳಬೇಕು? ದೊಡ್ಡ ಕಂಪನಿಗಳಿಗೂ ಇದೇ ಪ್ರಶ್ನೆ. 2013ರ ಕಂಪನಿ ಕಾಯ್ದೆಯಂತೆ ಅವು ಹಿಂದಿನ ಮೂರು ವರ್ಷದ ಸರಾಸರಿ ಲಾಭದಲ್ಲಿ ನೂರಕ್ಕೆ 2ನ್ನು ಸಮಾಜದ ಕೆಲಸಕ್ಕೆ ಖರ್ಚು ಮಾಡಬೇಕು. ಉಳಿದ 98 ಹೇಗೆ ಬಂತೆಂದು ವಾರ್ಷಿಕ ವರದಿಯ ಬಣ್ಣದ ಪುಟಗಳಲ್ಲಿ ಯಾರೂ ಹುಡುಕುವುದಿಲ್ಲ.

ನಮ್ಮ ನಾಡಿಗೂ ಇದು ಹೊಸ ವಿಚಾರವಲ್ಲ. ಹನ್ನೆರಡನೆಯ ಶತಮಾನದ ಬಸವಣ್ಣನವರ ಪಾಠ ಮಾಡುವಾಗ ಕಾಯಕ ಮೊದಲು, ದಾಸೋಹ ಆಮೇಲೆ ಎಂದು ಹೇಳಿಕೊಡುತ್ತಿದ್ದೆವು. ಕಾಯಕ ಶುದ್ಧವಿಲ್ಲದ ದಾಸೋಹಕ್ಕೆ ಅಲ್ಲಿಯೂ ಬೆಲೆಯಿಲ್ಲ. ಅರ್ಥಶಾಸ್ತ್ರ ಓದುವ ಮಕ್ಕಳಿಗೆ ಇನ್ನೊಂದು ಮಾತು. ಆಡಮ್ ಸ್ಮಿತ್ 1776ರಲ್ಲಿ ಸಂಪತ್ತಿನ ಬಗ್ಗೆ ಬರೆದದ್ದನ್ನು ನಿಮಗೆ ಹೇಳಿಕೊಡುತ್ತಾರೆ. ಅದಕ್ಕೂ ಮೊದಲೇ, 1759ರಲ್ಲಿ, ಅವರು ನೈತಿಕ ಭಾವನೆಗಳ ಬಗ್ಗೆ ದೊಡ್ಡ ಪುಸ್ತಕ ಬರೆದಿದ್ದರು. ಲೈಬ್ರರಿಯಲ್ಲಿ ಸಿಕ್ಕರೆ ಅದನ್ನೂ ತೆಗೆದು ನೋಡಿ.

ವಿದ್ಯಾರ್ಥಿವೇತನ ಪಡೆಯುವ ಮಕ್ಕಳಿಗೆ ನಮ್ಮದೊಂದು ಕೆಲಸ ಇದೆ, ಹೋಂವರ್ಕ್ ಎಂದೇ ತಿಳಿಯಿರಿ. ನೀವು ಲೆಕ್ಕಶಾಸ್ತ್ರ ಕಲಿಯುತ್ತಿದ್ದೀರಿ. ಈ ರಂಜಾನಿನೊಳಗೆ ನಿಮ್ಮ ಮನೆಯ ಮುಂಗಡದ ಲೆಕ್ಕವನ್ನು ತಾಯಿಯ ಬಾಯಿಂದ ಕೇಳಿ, ತಾರೀಕು ಹಾಕಿ, ಒಂದು ಪುಸ್ತಕದಲ್ಲಿ ಬರೆಯಿರಿ. ಮಾಲೀಕರ ಮಕ್ಕಳೂ ಇಲ್ಲಿದ್ದಾರೆ, ಅವರೂ ತಂದೆಯವರ ಪುಸ್ತಕ ತೆಗೆದು ಕೂಲಿಯವರ ಹೆಸರಿನ ಮುಂದಿನ ಲೆಕ್ಕವನ್ನು ಚೀಟಿಯಲ್ಲಿ ಬರೆದು ಅವರವರ ಕೈಗೆ ಕೊಡಲಿ. ಎರಡೂ ಲೆಕ್ಕ ತಾಳೆಯಾಗದಿದ್ದರೆ ಜಗಳ ಬೇಡ, ಇಬ್ಬರೂ ಟ್ರಸ್ಟಿನ ಕಚೇರಿಗೆ ಬನ್ನಿ. ಜುಮಾ ನಮಾಜಿನ ನಂತರ ಅಸರ್‌ವರೆಗೆ ನಾವು ಅಲ್ಲಿ ಕುಳಿತಿರುತ್ತೇವೆ. ಕೂಡುವ ಕಳೆಯುವ ಲೆಕ್ಕ ನಮಗೆ ಇನ್ನೂ ಮರೆತಿಲ್ಲ.