ಮೈಕ್ರೋವೇವ್ ಒಲೆಯಲ್ಲಿ ಮೊಟ್ಟೆ

(ಕಾರ್ಕಳ ತಾಲ್ಲೂಕಿನ ಬೆಟ್ಟದಂಚಿನ ಊರೊಂದರಲ್ಲಿ ನೀಡಿದ ಉಪನ್ಯಾಸದ ಬರಹರೂಪ)



ಉಡುಪಿ ಎಂದೊಡನೆ ಹೊರಗಿನವರಿಗೆ ಸಸ್ಯಾಹಾರಿ ಹೋಟೆಲುಗಳು ನೆನಪಾಗುತ್ತವೆ. ಆದರೆ ನಮ್ಮ ಬೆಟ್ಟದ ಬುಡದ ಅನೇಕ ಮನೆಗಳ ಅಂಗಳದಲ್ಲಿ ಊರಿನ ಕೋಳಿಗಳಿವೆ. ಆ ಮನೆಗಳ ಮಕ್ಕಳು ಮಣಿಪಾಲದಲ್ಲಿ ಓದುವಾಗ ಬಾಡಿಗೆ ಕೋಣೆಯ ಮೈಕ್ರೋವೇವ್ ಒಲೆಯನ್ನು ನೆಚ್ಚಿಕೊಳ್ಳುತ್ತಾರೆ. ಕೆಲಸ ಸಿಕ್ಕ ಮೇಲೆ ಊರಿಗೂ ಒಂದನ್ನು ತರುತ್ತಾರೆ. ಹಿರಿಯರು ನನ್ನಲ್ಲಿ ಕೇಳುವುದು ಎರಡೇ ಪ್ರಶ್ನೆ: ವಿಕಿರಣ ಆಹಾರದಲ್ಲಿ ಉಳಿಯುತ್ತದೆಯೇ, ಕರೆಂಟು ಎಷ್ಟು ಬೇಕು? ಮೊಟ್ಟೆ ಸಿಡಿಯುವ ವಿಚಾರವನ್ನು ಯಾರೂ ಕೇಳುವುದಿಲ್ಲ. ನಿಜವಾದ ಅಪಾಯವಿರುವುದು ಅಲ್ಲಿಯೇ.

ಮೊದಲನೆಯದಕ್ಕೆ ಉತ್ತರ ಚಿಕ್ಕದು: ಉಳಿಯುವುದಿಲ್ಲ. 2450 ಮೆಗಾಹರ್ಟ್ಸ್‌ನ ಈ ಅಲೆಗಳು ಆಹಾರದೊಳಗಿನ ನೀರಿನ ಅಣುಗಳನ್ನು ಅಲುಗಾಡಿಸಿ ಬಿಸಿಮಾಡುತ್ತವೆ. ಗುಂಡಿ ಆರಿಸಿದೊಡನೆ ಅಲೆಯೂ ಇಲ್ಲವಾಗುತ್ತದೆ.

ಇನ್ನು ಮೊಟ್ಟೆಯ ರಚನೆಯನ್ನು ನೋಡಿ. ಚಿಪ್ಪಿನಲ್ಲಿ ಸಾವಿರಾರು ಸೂಕ್ಷ್ಮ ರಂಧ್ರಗಳಿವೆ. ಮರಿಯ ಉಸಿರಾಟಕ್ಕೆ ಅವು ಸಾಕು, ಒಮ್ಮೆಲೇ ಏಳುವ ಹಬೆಗೆ ಸಾಲವು. ಆದ್ದರಿಂದ ಚಿಪ್ಪುಸಹಿತ ಮೊಟ್ಟೆಯನ್ನು ಈ ಒಲೆಯಲ್ಲಿ ಎಂದಿಗೂ ಇಡಬಾರದು. ಇದು ಹಲವರಿಗೆ ಗೊತ್ತು. ಗೊತ್ತಿಲ್ಲದಿರುವುದು, ಬೇಯಿಸಿ ಸುಲಿದ ಮೊಟ್ಟೆಯನ್ನು ಮತ್ತೆ ಬಿಸಿಮಾಡಿದರೂ ಅದು ಸಿಡಿಯಬಲ್ಲದು ಎಂಬುದು. ಅದೂ ಒಲೆಯೊಳಗಲ್ಲ, ತಟ್ಟೆಗೆ ಬಂದ ಮೇಲೆ, ಹಲ್ಲು ತಾಗಿದ ಕ್ಷಣದಲ್ಲಿ. 2017ರಲ್ಲಿ ಅಮೆರಿಕದ ಧ್ವನಿವಿಜ್ಞಾನ ಸಂಘದ ಸಮಾವೇಶದಲ್ಲಿ ಇಬ್ಬರು ತಜ್ಞರು ಇಂಥ ಪ್ರಯೋಗವೊಂದನ್ನು ಮಂಡಿಸಿದರು. ಬಿಸಿಮಾಡಿದ ಮೊಟ್ಟೆಗಳನ್ನು ಹೊರತೆಗೆದು ಚುಚ್ಚಿದಾಗ ಕೆಲವು ಸಿಡಿದವು. ಒಂದು ಅಡಿ ದೂರದಲ್ಲಿ ಅಳೆದ ಸದ್ದು 86ರಿಂದ 133 ಡೆಸಿಬೆಲ್‌ವರೆಗೆ ಇತ್ತು. ಗಟ್ಟಿಯಾದ ಹಳದಿ ಭಾಗದಲ್ಲಿ ನೀರಿನ ಸಣ್ಣ ಸಣ್ಣ ಗೂಡುಗಳು ಸಿಕ್ಕಿಕೊಂಡು, ಕುದಿಯುವ ಬಿಂದುವನ್ನು ದಾಟಿಯೂ ಕುದಿಯದೆ ಉಳಿಯುತ್ತವೆ ಎಂಬುದು ಅವರ ವಿವರಣೆ. ಒಂದು ಗೂಡು ಒಡೆದರೆ ಉಳಿದವೂ ಒಡೆಯುತ್ತವೆ. ಹೀಗೆ ಸಿಡಿದ ಮೊಟ್ಟೆಯಿಂದ ಕಣ್ಣಿಗೆ ಪೆಟ್ಟಾದ ಪ್ರಕರಣಗಳು ವೈದ್ಯಕೀಯ ಪತ್ರಿಕೆಗಳಲ್ಲಿ ದಾಖಲಾಗಿವೆ.

ಹಾಗಾದರೆ ಬೇಯಿಸುವುದು ಹೇಗೆ? ಎಣ್ಣೆ ಸವರಿದ ಪಿಂಗಾಣಿ ಬಟ್ಟಲಿಗೆ ಮೊಟ್ಟೆಯನ್ನು ಒಡೆದು ಹಾಕಿ, ಹಳದಿ ಭಾಗದ ಪೊರೆಯನ್ನು ನಾಲ್ಕೈದು ಕಡೆ ಚುಚ್ಚಿರಿ. ಕದಡಿಬಿಟ್ಟರೆ ಇನ್ನೂ ಒಳ್ಳೆಯದು. ಸಡಿಲವಾಗಿ ಮುಚ್ಚಿ, ಅರ್ಧ ಶಕ್ತಿಯಲ್ಲಿ ಅರ್ಧ ನಿಮಿಷ; ಬಳಿಕ ಹತ್ತು ಹತ್ತು ಸೆಕೆಂಡಿನಂತೆ. ಹಸಿ ಉಳಿಯಬಾರದು, ಸಾಲ್ಮೊನೆಲ್ಲಾದ ಭಯವಿದೆ. ಹೊರತೆಗೆದು ಒಂದು ನಿಮಿಷ ಬಿಟ್ಟು ತಿನ್ನಿರಿ.

ಈಗ ಕರೆಂಟಿನ ಮಾತು. ನಮ್ಮ ಸಂಘಟನೆಯ ಮಿತ್ರರು ಈ ಯಂತ್ರವನ್ನು ಕಂಡೊಡನೆ ಮುಖ ಸಿಂಡರಿಸುವುದು ನನಗೆ ಪೂರ್ತಿ ಒಪ್ಪಿಗೆಯಿಲ್ಲ. ಲೆಕ್ಕ ಹಾಕೋಣ. 1200 ವಾಟ್ ಸೆಳೆಯುವ ಒಲೆ ಒಂದು ನಿಮಿಷ ಉರಿದರೆ 20 ವಾಟ್-ಗಂಟೆ, ಅಂದರೆ ಯೂನಿಟ್ಟಿನ ಐವತ್ತನೆಯ ಒಂದು ಭಾಗ. ಕಾಪು ತಾಲ್ಲೂಕಿನ ಎಲ್ಲೂರಿನಲ್ಲಿ 1200 ಮೆಗಾವಾಟ್‌ನ ಉಷ್ಣ ವಿದ್ಯುತ್ ಸ್ಥಾವರವಿದೆ. ಹಡಗಿನಲ್ಲಿ ಬಂದ ವಿದೇಶೀ ಕಲ್ಲಿದ್ದಲು ಅಲ್ಲಿ ಉರಿಯುತ್ತದೆ. ಒಂದು ಯೂನಿಟ್ಟಿಗೆ ಸರಿಸುಮಾರು ಅರ್ಧ ಕಿಲೋ ಕಲ್ಲಿದ್ದಲೆಂದರೆ ಮೊಟ್ಟೆಯೊಂದಕ್ಕೆ ಹತ್ತು ಗ್ರಾಂ. ಅರ್ಧ ಲೀಟರ್ ನೀರನ್ನು ಗ್ಯಾಸಿನ ಮೇಲೆ ಕುದಿಸುವುದಕ್ಕೇ ಸುಮಾರು 70 ವಾಟ್-ಗಂಟೆಯಷ್ಟು ಇಂಧನ ಬೇಕು. ಸ್ಥಾವರದಲ್ಲಿಯೂ ತಂತಿಯಲ್ಲಿಯೂ ಆಗುವ ನಷ್ಟವನ್ನು ಸೇರಿಸಿದರೆ ಒಂದು ಮೊಟ್ಟೆಯ ಮಟ್ಟಿಗೆ ಎರಡೂ ಹೆಚ್ಚುಕಡಿಮೆ ಸಮ. ಆದರೆ ಮನೆಮಂದಿಗೆಲ್ಲ ಹತ್ತು ಮೊಟ್ಟೆ ಬೇಕಾದಾಗ ಗ್ಯಾಸಿನ ಪಾತ್ರೆಗೆ ನೀರು ಸ್ವಲ್ಪವೇ ಹೆಚ್ಚು; ಮೈಕ್ರೋವೇವಿನಲ್ಲಿ ಸಮಯ ಮೊಟ್ಟೆಗಳ ಲೆಕ್ಕಕ್ಕೆ ಏರುತ್ತದೆ. ಕುಚ್ಚಲಕ್ಕಿ ಬೇಯುವ ಒಲೆ ಹೇಗೂ ಉರಿಯುತ್ತಿದ್ದರಂತೂ ಮೊಟ್ಟೆಗೆಂದು ಪ್ರತ್ಯೇಕ ಇಂಧನವೇ ಬೇಡ.

ಮಿತ್ರರು ಕೋಪಿಸಿಕೊಳ್ಳಬೇಕಾದದ್ದು ಬೇರೊಂದರ ಮೇಲೆ. ಒಲೆಯ ಮುಖದಲ್ಲಿ ಹಗಲಿರುಳು ಹೊಳೆಯುವ ಆ ಗಡಿಯಾರವಿದೆಯಲ್ಲ, ಅದು ಮೂರು ವಾಟ್ ಸೆಳೆದರೆ ದಿನಕ್ಕೆ 72 ವಾಟ್-ಗಂಟೆ. ಮೂರು ಮೊಟ್ಟೆ ಬೇಯಿಸಿಯೂ ಮಿಗುವಷ್ಟು! ಗೋಡೆಯ ಸ್ವಿಚ್ಚು ಆರಿಸಿದರೆ ಆ ಖರ್ಚು ನಿಲ್ಲುತ್ತದೆ. ಹೊತ್ತು ತಿಳಿಯಲು ನಮ್ಮಲ್ಲಿ ಹುಂಜಗಳಿವೆ.